ಜಿ. ವಿ. ಅಯ್ಯರರ ಬಹುಮುಖ ಕಲಾಜೀವನ

ಹತ್ತು ಕೆಲಸ ಬಲ್ಲವನು ಒಂದರಲ್ಲಿಯೂ ನುರಿತವನಾಗಲಾರನೆಂಬ ನಂಬಿಕೆ ನಮ್ಮಲ್ಲಿ ಬಲವಾಗಿದೆ. ಒಬ್ಬನೇ ಮನುಷ್ಯನು ವೇಷ ಕಟ್ಟುತ್ತಾನೆ, ಹಾಡು ಬರೆಯುತ್ತಾನೆ, ಸಂಭಾಷಣೆ ಹೊಸೆಯುತ್ತಾನೆ, ಹಣ ಹೊಂದಿಸುತ್ತಾನೆ, ನಿರ್ದೇಶನವನ್ನೂ ಮಾಡುತ್ತಾನೆ ಎಂದರೆ ಕೇಳಿದವರಿಗೆ ಮೆಚ್ಚಿಕೆಗಿಂತ ಮೊದಲು ಸಂದೇಹ ಹುಟ್ಟುತ್ತದೆ. ಕನ್ನಡ ಚಲನಚಿತ್ರದ ಇತಿಹಾಸದಲ್ಲಿ ಅಂಥ ಸಂದೇಹಕ್ಕೆ ಗುರಿಯಾಗಬಹುದಾದ ಹಿರಿಯರೊಬ್ಬರಿದ್ದರು. ಗಣಪತಿ ವೆಂಕಟರಮಣ ಅಯ್ಯರ್ ಎಂದರೆ ಬಹಳ ಮಂದಿಗೆ ಗುರುತು ಹತ್ತಲಾರದು, ಜಿ. ವಿ. ಅಯ್ಯರ್ ಎಂದರೆ ಹತ್ತುತ್ತದೆ. ೧೯೪೩ರಲ್ಲಿ ನಟರಾಗಿ ತೆರೆಯ ಮೇಲೆ ಕಾಣಿಸಿಕೊಂಡ ಇವರು ೧೯೯೮ರಲ್ಲಿಯೂ ನಿರ್ದೇಶಕರಾಗಿ ಒಂದು ಚಿತ್ರವನ್ನು ಹೊರತಂದರು. ಐವತ್ತೈದು ವರ್ಷಗಳ ಈ ದುಡಿಮೆಯಲ್ಲಿ ಅವರು ಹೊರದ ಹೊಣೆ ಇಲ್ಲವೆನ್ನಬಹುದು. ಇದು ಚದುರಿಹೋದ ಬಾಳೆ, ಅಥವಾ ಒಂದೇ ಪಾಠವನ್ನು ಕೊನೆಯವರೆಗೆ ಓದಿದ ಬಾಳೆ ಎಂಬುದನ್ನು ವಾಚಕರೊಡನೆ ಇಲ್ಲಿ ವಿಚಾರಮಾಡಬೇಕೆಂದಿದ್ದೇನೆ.

ದಾವಣಗೆರೆ ಹರಿಹರಗಳಲ್ಲಿ ಕುಳಿತು ಅಯ್ಯರರ ಮಾತನ್ನೆತ್ತುವುದಕ್ಕೆ ಕಾರಣಗಳುಂಟು. ಅವರು ನಮ್ಮ ಊರಿನವರಲ್ಲ, ನಂಜನಗೂಡಿನವರು. ಆದರೆ ಅವರನ್ನು ರೂಪಿಸಿದ ವಿದ್ಯಾಶಾಲೆ ನಮಗೆ ಚೆನ್ನಾಗಿ ಪರಿಚಯವಾದದ್ದು. ಅದು ನಾಟಕ ಕಂಪನಿ. ದಾವಣಗೆರೆಯೆಂದರೆ ಹತ್ತಿಯ ಗಿರಣಿಗಳಷ್ಟೇ ಅಲ್ಲ, ಚಿಂದೋಡಿ ವೀರಪ್ಪನವರ ನಾಟಕ ಸಂಘವೂ ನೆನಪಿಗೆ ಬರುತ್ತದೆ. ಆ ಮನೆತನದ ಚಿಂದೋಡಿ ಲೀಲಾ ಅವರಿಗೆ ೧೯೮೮ರಲ್ಲಿ ಪದ್ಮಶ್ರೀ ಗೌರವ ಸಂದಿತು. ಕಂಪನಿಯ ಕ್ಯಾಂಪು, ಬಣ್ಣದ ಪರದೆ, ಕಾಲುಪೆಟ್ಟಿಗೆಯ ನಾದ, ನಡುರಾತ್ರಿಯವರೆಗೆ ಎದ್ದು ಕುಳಿತ ಜನ, ಇವು ನಮ್ಮ ಸೀಮೆಯ ಹಿರಿಯರಿಗೆ ವಿವರಿಸಬೇಕಾದ ಸಂಗತಿಗಳಲ್ಲ. ಇನ್ನೊಂದು ಕಾರಣವನ್ನು ಮುಂದೆ ಹೇಳುತ್ತೇನೆ. ಅದು ಹರಿಹರದ ಪಕ್ಕದ ಮಲೇಬೆನ್ನೂರಿಗೆ ಸಂಬಂಧಿಸಿದ್ದು.

ಅಯ್ಯರರು ಹುಟ್ಟಿದ್ದು ೧೯೧೭ರ ಸೆಪ್ಟೆಂಬರ್ ೩ರಂದು. ಎಂಟು ವರ್ಷದ ಆಸುಪಾಸಿನ ವಯಸ್ಸಿನಲ್ಲಿಯೇ ಅವರು ಗುಬ್ಬಿ ವೀರಣ್ಣನವರ ಕಂಪನಿಯನ್ನು ಸೇರಿದರು. ೧೮೮೪ರಲ್ಲಿ ಗುಬ್ಬಿಯಲ್ಲಿ ಹುಟ್ಟಿದ ಆ ಸಂಸ್ಥೆ ಆ ವೇಳೆಗೆ ಕನ್ನಡನಾಡಿನ ದೊಡ್ಡ ಹೆಸರಾಗಿತ್ತು. ‘ಕುರುಕ್ಷೇತ್ರ’ ನಾಟಕದಲ್ಲಿ ಜೀವಂತ ಆನೆಕುದುರೆಗಳನ್ನು ರಂಗದ ಮೇಲೆ ತಂದ ಖ್ಯಾತಿ ಅದರದು. ಕಂಪನಿಗೆ ಸೇರಿದ ಹುಡುಗನಿಗೆ ಯಾವುದೋ ಒಂದೇ ವಿದ್ಯೆಯನ್ನು ಕಲಿಸುವ ಪದ್ಧತಿ ಕಂಪನಿ ರಂಗಭೂಮಿಯಲ್ಲಿ ಇರಲಿಲ್ಲ. ಬಾಲಪಾತ್ರ ಮಾಡಿದ ಹುಡುಗನೇ ಪರದೆಯ ಹಗ್ಗ ಎಳೆಯಬೇಕು, ಮೇಳದೊಡನೆ ಹಾಡಬೇಕು, ಮರೆತ ನಟನಿಗೆ ಮರೆಯಿಂದ ಮಾತನ್ನು ಎತ್ತಿಕೊಡಬೇಕು. ಯಾವ ಮಾತಿಗೆ ಜನ ನಗುತ್ತಾರೆ, ಯಾವ ಹಾಡಿಗೆ ‘ಒನ್ಸ್ ಮೋರ್’ ಎಂದು ಕೂಗುತ್ತಾರೆ, ಎಲ್ಲಿ ಬೇಸತ್ತು ಬೀಡಿ ಹಚ್ಚುತ್ತಾರೆ ಎಂಬುದನ್ನು ಅವನು ಪಕ್ಕದ ಪರದೆಯ ಸಂದಿನಿಂದ ದಿನದಿನವೂ ನೋಡುತ್ತಿದ್ದನು. ಈ ಓದಿಗೆ ಪಠ್ಯಪುಸ್ತಕವಿಲ್ಲ. ಪರೀಕ್ಷೆ ಮಾತ್ರ ಪ್ರತಿ ರಾತ್ರಿಯೂ ನಡೆಯುತ್ತಿತ್ತು.

ಒಂಬತ್ತನೆಯ ಶತಮಾನದ ಕವಿರಾಜಮಾರ್ಗದಲ್ಲಿ ಕನ್ನಡಿಗರ ವಿಚಾರವಾಗಿ ಒಂದು ಮಾತಿದೆ. ಈ ನಾಡಿನ ಜನರು ಕ್ರಮವಾಗಿ ಓದದಿದ್ದರೂ ಕಾವ್ಯಪ್ರಯೋಗದಲ್ಲಿ ಪರಿಣತಮತಿಗಳೆಂದು ಅಲ್ಲಿ ಹೇಳಿದೆ. ತರಗತಿಯಲ್ಲಿ ಇದನ್ನು ವಿವರಿಸುವಾಗ ಮಕ್ಕಳು ಇದೊಂದು ಅತಿಶಯೋಕ್ತಿಯೆಂದು ಮುಗುಳ್ನಗುವುದುಂಟು. ಕಂಪನಿ ನಾಟಕಗಳ ಚರಿತ್ರೆಯನ್ನು ಬಲ್ಲವರಿಗೆ ಅದು ಉತ್ಪ್ರೇಕ್ಷೆಯಾಗಿ ತೋರಲಾರದು. ಗುಬ್ಬಿ ಕಂಪನಿಯೊಂದರಿಂದಲೇ ರಾಜಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ. ವಿ. ಅಯ್ಯರ್ ಈ ನಾಲ್ವರೂ ಚಲನಚಿತ್ರಕ್ಕೆ ಬಂದರು. ನಾಲ್ವರೂ ಬಾಲ್ಯದಲ್ಲಿಯೇ ರಂಗವನ್ನೇರಿದವರು. ಶುದ್ಧವಾದ ಉಚ್ಚಾರಣೆಯನ್ನೂ ಪದ್ಯದ ನಡೆಯನ್ನೂ ರಂಗದ ಮೇಲೆಯೇ ಕಲಿತವರು.

ಅಯ್ಯರರು ಮೊದಲು ತೆರೆಯ ಮೇಲೆ ಕಂಡದ್ದು ೧೯೪೩ರ ‘ರಾಧಾರಮಣ’ದಲ್ಲಿ. ನಟಿ ಎಂ. ವಿ. ರಾಜಮ್ಮನವರು ನಿರ್ಮಿಸಿದ ಆ ಚಿತ್ರದಿಂದಲೇ ಬಾಲಕೃಷ್ಣರ ಚಿತ್ರಜೀವನವೂ ಮೊದಲಾಯಿತು. ಅಂದಿನ ದಿನಗಳಲ್ಲಿ ಕನ್ನಡ ಚಿತ್ರವೆಂದರೆ ವರ್ಷಕ್ಕೆ ಬೆರಳೆಣಿಕೆಯಷ್ಟು. ಅವುಗಳಲ್ಲಿಯೂ ಬಹುಪಾಲು ಚಿತ್ರಗಳಿಗೆ ನಾಡಿನ ಹೊರಗಣ ಸ್ಟುಡಿಯೋಗಳೇ ಗತಿ. ೧೯೫೪ರಲ್ಲಿ ‘ಬೇಡರ ಕಣ್ಣಪ್ಪ’ ಬಂದಾಗ ಗಾಳಿ ತಿರುಗಿತು. ಎಚ್. ಎಲ್. ಎನ್. ಸಿಂಹ ಅವರ ನಿರ್ದೇಶನ, ರಾಜಕುಮಾರರ ಮೊದಲ ನಾಯಕಪಾತ್ರ. ಅದರ ಬರವಣಿಗೆಯ ಹೊಣೆ ಅಯ್ಯರರದು. ಜೊತೆಗೆ ಪಾತ್ರವನ್ನೂ ವಹಿಸಿದರು. ಕಂಪನಿಯ ರಂಗದಲ್ಲಿ ಜನ ಮೆಚ್ಚಿದ ಕಥೆಯನ್ನು ತೆರೆಗೆ ತರುವಾಗ ಯಾವುದನ್ನು ಉಳಿಸಬೇಕು, ಯಾವುದನ್ನು ಬಿಡಬೇಕೆಂಬುದು ಎರಡೂ ಬದಿಯನ್ನು ಬಲ್ಲವನಿಗೆ ಮಾತ್ರ ತಿಳಿಯತಕ್ಕದ್ದು. ಅಯ್ಯರರು ಅಂಥ ಸೇತುವೆಯಾಗಿದ್ದರು.

೧೯೬೦ರ ‘ರಣಧೀರ ಕಂಠೀರವ’ದ ಕಥೆ ಇದಕ್ಕಿಂತ ಹೆಚ್ಚು ಗಮನಾರ್ಹವಾದದ್ದು. ಹದಿನೇಳನೆಯ ಶತಮಾನದಲ್ಲಿ ಮೈಸೂರನ್ನಾಳಿದ ಕಂಠೀರವ ನರಸರಾಜ ಒಡೆಯರನ್ನು ಕುರಿತ ಈ ಚಿತ್ರಕ್ಕೆ ಹಣ ಹಾಕಲು ಸಾಹುಕಾರರಾರೂ ಮುಂದೆ ನಿಲ್ಲಲಿಲ್ಲ, ಕಲಾವಿದರೇ ನಿಂತರು. ರಾಜಕುಮಾರ್, ಬಾಲಕೃಷ್ಣ, ನರಸಿಂಹರಾಜು ಮತ್ತು ಅಯ್ಯರ್ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘದ ಹೆಸರಿನಲ್ಲಿ ಇದನ್ನು ನಿರ್ಮಿಸಿದರು. ನಿರ್ದೇಶಕರು ಎನ್. ಸಿ. ರಾಜನ್, ಬರೆದವರು ಅಯ್ಯರ್. ಕಂಪನಿಯಲ್ಲಿ ಊಟಕ್ಕೂ ಒಟ್ಟಿಗೆ, ಉಪವಾಸಕ್ಕೂ ಒಟ್ಟಿಗೆ ಕುಳಿತು ಅಭ್ಯಾಸವಾದವರಿಗೆ ಹೀಗೆ ಕೂಡಿ ಹೊಣೆ ಹೊರುವುದು ಹೊಸದೇನೂ ಆಗಿರಲಿಲ್ಲ. ಕನ್ನಡ ಚಿತ್ರವು ತನ್ನ ಕಾಲಿನ ಮೇಲೆ ನಿಲ್ಲಲಾರದೆಂದು ಹಲವರು ಭಾವಿಸಿದ್ದ ಕಾಲದಲ್ಲಿ ನಟರೇ ನಿರ್ಮಾಪಕರಾದ ಈ ಪ್ರಸಂಗವನ್ನು ಇತಿಹಾಸಕಾರರು ಮರೆಯುವಂತಿಲ್ಲ.

೧೯೬೨ರಲ್ಲಿ ‘ಭೂದಾನ’ದೊಡನೆ ಅಯ್ಯರರು ಸ್ವತಃ ನಿರ್ದೇಶಕರಾದರು. ವಿನೋಬಾ ಭಾವೆಯವರು ೧೯೫೧ರಲ್ಲಿ ಪೋಚಂಪಳ್ಳಿಯಲ್ಲಿ ಆರಂಭಿಸಿದ ಚಳವಳಿಯ ಹೆಸರೇ ಚಿತ್ರಕ್ಕೂ ಹೆಸರಾಯಿತು. ರಾಜಕುಮಾರ್, ಕಲ್ಯಾಣಕುಮಾರ್, ಉದಯಕುಮಾರ್ ಮೂವರೂ ಅದರಲ್ಲಿ ಕೂಡಿ ನಟಿಸಿದರು. ಅದರ ಬೆನ್ನಿಗೆ ‘ತಾಯಿ ಕರುಳು’, ‘ಲಾಯರ್ ಮಗಳು’, ‘ಬಂಗಾರಿ’, ‘ಪೋಸ್ಟ್ ಮಾಸ್ಟರ್’, ‘ಕಿಲಾಡಿ ರಂಗ’, ‘ಮೈಸೂರು ಟಾಂಗ’ ಮುಂತಾದ ಚಿತ್ರಗಳು ಒಂದರ ಹಿಂದೊಂದು ಬಂದವು. ಹೆಸರುಗಳನ್ನು ಕೇಳಿದರೇ ಅವು ಯಾರಿಗಾಗಿ ತಯಾರಾದವೆಂಬುದು ತಿಳಿಯುತ್ತದೆ. ವಾರದ ದುಡಿಮೆ ಮುಗಿಸಿ ಗಿರಣಿಯಿಂದ ಹೊರಬಂದವನು, ಸಂತೆ ಮುಗಿಸಿ ಬಂಡಿ ಹೂಡುವ ಮುನ್ನ ಮೂರು ತಾಸು ಕುಳಿತವನು, ಇವರೇ ಅವುಗಳ ಪ್ರೇಕ್ಷಕರು. ಈ ಕಾಲದ ಚಿತ್ರಗಳನ್ನು ವಿಮರ್ಶಕರು ಒಂದು ವಾಕ್ಯದಲ್ಲಿ ದಾಟಿಬಿಡುವ ಪದ್ಧತಿಯುಂಟು. ಅದು ನ್ಯಾಯವೆಂದು ನನಗೆ ತೋರುವುದಿಲ್ಲ. ಜನಕ್ಕೆ ಅರ್ಥವಾಗುವಂತೆ ಕಥೆ ಹೇಳಬಲ್ಲವನಿಗೆ ಮಾತ್ರ, ಜನಕ್ಕೆ ಅಭ್ಯಾಸವಿಲ್ಲದ ಕಥೆಯನ್ನು ಹೇಳುವಾಗ ತಾನು ಏನನ್ನು ಬಿಡುತ್ತಿದ್ದೇನೆಂಬುದು ಗೊತ್ತಿರುತ್ತದೆ.

ಎಪ್ಪತ್ತರ ದಶಕ ಹುಟ್ಟುತ್ತಿದ್ದಂತೆ ಕನ್ನಡದಲ್ಲಿ ಹೊಸ ಬಗೆಯ ಚಿತ್ರಗಳ ಗಾಳಿ ಬೀಸಿತು. ೧೯೭೦ರ ‘ಸಂಸ್ಕಾರ’ಕ್ಕೆ ರಾಷ್ಟ್ರದ ಶ್ರೇಷ್ಠ ಚಿತ್ರವೆಂಬ ಪ್ರಶಸ್ತಿ ದೊರೆಯಿತು. ಸಿದ್ಧ ಸೂತ್ರಗಳಿಂದ ಹೆಸರೂ ಹಣವೂ ಮಾಡಿದವರು ಇಂಥ ಹೊತ್ತಿನಲ್ಲಿ ಮುಖ ಸಿಂಡರಿಸುವುದು ಸ್ವಾಭಾವಿಕ. ಅಯ್ಯರರು ಮಾಡಿದ್ದೇ ಬೇರೆ. ಎಸ್. ಎಲ್. ಭೈರಪ್ಪನವರ ‘ವಂಶವೃಕ್ಷ’ ಕಾದಂಬರಿಯನ್ನು ಚಿತ್ರವಾಗಿಸಲು ನಿರ್ಧರಿಸಿ, ನಿರ್ದೇಶನವನ್ನು ತಮಗಿಂತ ಬಹಳ ಕಿರಿಯರಾದ ಬಿ. ವಿ. ಕಾರಂತ ಮತ್ತು ಗಿರೀಶ ಕಾರ್ನಾಡರ ಕೈಗೆ ಕೊಟ್ಟು, ತಾವು ನಿರ್ಮಾಪಕರ ಪೀಠದಲ್ಲಿ ಕುಳಿತರು. ಆ ಇಬ್ಬರಿಗೂ ರಾಷ್ಟ್ರೀಯ ನಿರ್ದೇಶನ ಪ್ರಶಸ್ತಿ ಬಂದಿತು. ಹತ್ತು ವರ್ಷ ನಿರ್ದೇಶಕರಾಗಿದ್ದವರು, ಐವತ್ತು ದಾಟಿದ ಮೇಲೆ, ಇನ್ನೊಬ್ಬರ ಕೆಲಸವನ್ನು ಬದಿಯಲ್ಲಿ ನಿಂತು ನೋಡಲು ಒಪ್ಪುವುದು ಸಣ್ಣ ಮಾತಲ್ಲ. ಹಿಂದೆ ಪರದೆಯ ಸಂದಿನಿಂದ ನಾಟಕ ನೋಡುತ್ತಿದ್ದ ಹುಡುಗನೇ ಮತ್ತೆ ಶಾಲೆಗೆ ಸೇರಿದಂತಾಯಿತು.

ಆ ಶಾಲೆಯ ಫಲವು ೧೯೭೫ರ ‘ಹಂಸಗೀತೆ’. ಮೇಲೆ ಹೇಳಿದ ಮಲೇಬೆನ್ನೂರಿನ ಸಂಬಂಧ ಇಲ್ಲಿದೆ. ‘ಹಂಸಗೀತೆ’ ಕಾದಂಬರಿಯನ್ನು ಬರೆದ ತ. ರಾ. ಸುಬ್ಬರಾಯರು ೧೯೨೦ರಲ್ಲಿ ಹುಟ್ಟಿದ್ದು ಮಲೇಬೆನ್ನೂರಿನಲ್ಲಿ. ಚಿತ್ರದುರ್ಗದ ನಾಯಕರ ಚರಿತ್ರೆಯನ್ನು ಕಾದಂಬರಿಗಳಾಗಿ ಕಟ್ಟಿಕೊಟ್ಟ ಅವರು ಕನ್ನಡಿಗರಿಗೆಲ್ಲ ತರಾಸು. ೧೯೯೭ರವರೆಗೆ ದಾವಣಗೆರೆ ಹರಿಹರಗಳೂ ಚಿತ್ರದುರ್ಗ ಜಿಲ್ಲೆಗೇ ಸೇರಿದ್ದವು. ಆದುದರಿಂದ ದುರ್ಗದ ಕಥೆ ನಮಗೆ ನೆರೆಮನೆಯ ಕಥೆಯಲ್ಲ, ಮನೆಯದೇ. ಹದಿನೆಂಟನೆಯ ಶತಮಾನದ ದುರ್ಗದಲ್ಲಿದ್ದ ಭೈರವಿ ವೆಂಕಟಸುಬ್ಬಯ್ಯನೆಂಬ ಗಾಯಕನು ದೊರೆಯ ಆಜ್ಞೆಗೆ ಹಾಡಲೊಲ್ಲದೆ ತನ್ನ ನಾಲಿಗೆಯನ್ನೇ ಕತ್ತರಿಸಿಕೊಂಡನೆಂಬ ಐತಿಹ್ಯವೇ ಕಾದಂಬರಿಯ ಬೀಜ.

ಇದೇ ಕಾದಂಬರಿಯನ್ನು ಆಧರಿಸಿ ೧೯೫೬ರಲ್ಲಿಯೇ ಹಿಂದಿಯಲ್ಲಿ ‘ಬಸಂತ್ ಬಹಾರ್’ ಎಂಬ ಚಿತ್ರ ಬಂದಿತ್ತು. ಶಂಕರ್ ಜೈಕಿಶನ್ ಅವರ ಸಂಗೀತ, ಮನ್ನಾ ಡೇ ಮತ್ತು ನಮ್ಮ ಭೀಮಸೇನ ಜೋಶಿಯವರ ಕಂಠ. ಹಾಡುಗಳು ಇಂದಿಗೂ ರೇಡಿಯೋದಲ್ಲಿ ಕೇಳಸಿಗುತ್ತವೆ. ಆದರೆ ದುರ್ಗದ ಬಂಡೆ, ಬಿಸಿಲು, ಬರಿದಾದ ಆವರಣ ಅದರಲ್ಲಿಲ್ಲ. ಅಯ್ಯರರ ಚಿತ್ರವು ಕಥೆಯನ್ನು ಮರಳಿ ತನ್ನ ನೆಲಕ್ಕೆ ತಂದಿತು. ಅನಂತನಾಗ್ ಅವರು ವೆಂಕಟಸುಬ್ಬಯ್ಯನಾದರು. ಸಂಗೀತದ ಹೊಣೆ ಹೊತ್ತ ಎಂ. ಬಾಲಮುರಳೀಕೃಷ್ಣರು ಅದರ ಹಾಡುಗಾರಿಕೆಗಾಗಿ ರಾಷ್ಟ್ರೀಯ ಪ್ರಶಸ್ತಿಯನ್ನು ಪಡೆದರು. ಕನ್ನಡದ ಶ್ರೇಷ್ಠ ಚಿತ್ರವೆಂಬ ಮನ್ನಣೆ ಚಿತ್ರಕ್ಕೆ ಬಂದಿತು. ವಾಚಕರು ಇಲ್ಲಿ ಒಂದು ಅಂಶವನ್ನು ಗಮನಿಸಬೇಕು. ಇಪ್ಪತ್ತು ವರ್ಷ ಇತರರ ಬಾಯಿಗೆ ಮಾತು ತುಂಬಿದ ಸಂಭಾಷಣಕಾರನು, ಮಾತನ್ನು ಕಡೆಗಣಿಸಿ ನಾದಕ್ಕೂ ನೋಟಕ್ಕೂ ಜಾಗ ಬಿಟ್ಟುಕೊಟ್ಟನು. ನಾಲಿಗೆಯನ್ನು ತ್ಯಜಿಸಿದ ಗಾಯಕನ ಕಥೆಯನ್ನು ಹೇಳಲು ಅದಕ್ಕಿಂತ ತಕ್ಕ ಮಾರ್ಗ ಇನ್ನಾವುದಿದ್ದೀತು?

ಇಂಥ ನಡೆ ಜಗತ್ತಿನ ಬೇರೆ ಕಡೆಗಳಲ್ಲಿಯೂ ಕಂಡುಬಂದಿದೆ. ಜರ್ಮನಿಯ ಬರ್ಲಿನ್ ನಗರದಲ್ಲಿ ಮ್ಯಾಕ್ಸ್ ರೈನ್‌ಹಾರ್ಟ್ ಎಂಬ ನಾಟಕಾಚಾರ್ಯನಿದ್ದನು. ಅವನ ರಂಗಶಾಲೆಯಲ್ಲಿ ಸಣ್ಣಪುಟ್ಟ ಪಾತ್ರ ಮಾಡಿಕೊಂಡಿದ್ದ ಎರ್ನ್‌ಸ್ಟ್ ಲುಬಿಚ್, ಎಫ್. ಡಬ್ಲ್ಯು. ಮುರ್ನಾವ್ ಮುಂತಾದವರು ಮುಂದೆ ಲೋಕಪ್ರಸಿದ್ಧ ಚಿತ್ರನಿರ್ದೇಶಕರಾದರು. ಅದು ಮೂಕಿಚಿತ್ರಗಳ ಕಾಲ. ದೃಶ್ಯಗಳ ನಡುವೆ ಬರಹದ ಹಲಗೆಗಳನ್ನು ತೋರಿಸಿ ಕಥೆ ನಡೆಸುತ್ತಿದ್ದರು. ಮುರ್ನಾವ್ ೧೯೨೪ರಲ್ಲಿ ಹೋಟೆಲಿನ ಮುದಿ ದ್ವಾರಪಾಲಕನೊಬ್ಬನ ಕಥೆಯನ್ನು ಚಿತ್ರಿಸಿದಾಗ ಆ ಹಲಗೆಗಳನ್ನೂ ಹೆಚ್ಚುಕಡಮೆ ಕೈಬಿಟ್ಟನು. ಮಾತಿನ ಮನೆಯಾದ ರಂಗಭೂಮಿಯಿಂದ ಬಂದವನೇ ಮಾತಿಲ್ಲದೆ ನಡೆಯುವ ಧೈರ್ಯ ತೋರಿದನು. ಅಯ್ಯರರು ಅವನನ್ನು ಅನುಸರಿಸಿದರೆಂದು ನಾನು ಹೇಳುತ್ತಿಲ್ಲ. ಒಂದು ಸಾಧನದ ಬಲವನ್ನು ಪೂರ್ತಿಯಾಗಿ ಬಲ್ಲವನಿಗೇ ಅದನ್ನು ಕೆಳಗಿಡುವ ಹೊತ್ತು ಯಾವುದೆಂದು ತೋಚುತ್ತದೆಂಬುದಕ್ಕೆ ಎರಡು ದೇಶಗಳ ಸಾಕ್ಷಿ ದೊರೆತಂತಾಯಿತು, ಅಷ್ಟೆ.

೧೯೮೩ರಲ್ಲಿ ಅಯ್ಯರರು ಇನ್ನೂ ದೂರ ಹೋದರು. ‘ಆದಿ ಶಂಕರಾಚಾರ್ಯ’ ಸಂಸ್ಕೃತ ಭಾಷೆಯಲ್ಲಿ ತಯಾರಾದ ಮೊದಲ ಚಲನಚಿತ್ರ. ಅದರ ಸಂಭಾಷಣೆಯನ್ನು ರಚಿಸಿದವರು ಉಡುಪಿಯ ವಿದ್ವಾಂಸ ಬನ್ನಂಜೆ ಗೋವಿಂದಾಚಾರ್ಯರು; ಛಾಯಾಗ್ರಹಣ ಮಧು ಅಂಬಾಟರದು. ಪವಾಡಗಳನ್ನು ಮೆರೆಸಿ ಜನರನ್ನು ಬೆರಗುಗೊಳಿಸುವ ಹಳೆಯ ಪೌರಾಣಿಕ ಚಿತ್ರಗಳ ಹಾದಿಯನ್ನು ಅಯ್ಯರರು ಹಿಡಿಯಲಿಲ್ಲ. ಬಾಲ್ಯದಲ್ಲಿಯೇ ತಂದೆಯನ್ನು ಕಳೆದುಕೊಂಡ ಶಂಕರನೊಡನೆ ಪ್ರಜ್ಞಾನ ಮತ್ತು ಮೃತ್ಯು ಎಂಬಿಬ್ಬರನ್ನು ಗೆಳೆಯರನ್ನಾಗಿ ನಡೆಸಿದರು. ಅರಿವೂ ಸಾವೂ ಮನುಷ್ಯನ ಎಡಬಲಗಳಲ್ಲಿ ಜೊತೆಗಾರರಾಗಿ ನಡೆಯುತ್ತವೆಂಬ ತತ್ತ್ವವು ಹೀಗೆ ಕಣ್ಣಿಗೆ ಕಾಣುವಂತಾಯಿತು. ಭಾವಗಳಿಗೆ ವೇಷ ಕಟ್ಟಿ ರಂಗಕ್ಕೆ ತರುವುದು ಪ್ರಾಚೀನವಾದ ನಾಟಕಕ್ರಮ. ಕಂಪನಿಯ ಹುಡುಗ ಅಲ್ಲಿಯೂ ಮರೆಯಾಗಿರಲಿಲ್ಲ. ಆ ವರ್ಷ ಚಿತ್ರಕ್ಕೆ ನಾಲ್ಕು ರಾಷ್ಟ್ರೀಯ ಪ್ರಶಸ್ತಿಗಳು ಬಂದವು: ಶ್ರೇಷ್ಠ ಚಿತ್ರ, ಚಿತ್ರಕಥೆ, ಛಾಯಾಗ್ರಹಣ, ಧ್ವನಿಗ್ರಹಣ.

ಯಾರೂ ಮನೆಮಾತಾಗಿ ಆಡದ ಭಾಷೆಯಲ್ಲಿ ಚಿತ್ರ ತೆಗೆದರೆ ನೋಡುವವರಾರು ಎಂಬ ಪ್ರಶ್ನೆ ಅಂದೂ ಎದ್ದಿತು, ಇಂದೂ ಏಳಬಹುದು. ಇದಕ್ಕೆ ಉತ್ತರವನ್ನು ನಾವು ನಮ್ಮ ಕಂಪನಿ ನಾಟಕಗಳಿಂದಲೇ ಪಡೆಯಬಹುದೆಂದು ನನ್ನ ಎಣಿಕೆ. ಹಳೆಯ ನಾಟಕಗಳಲ್ಲಿ ದುರ್ಯೋಧನನೂ ಕೃಷ್ಣನೂ ಉದ್ದುದ್ದ ಸಮಾಸಗಳ ಕಂದವೃತ್ತಗಳನ್ನು ಹಾಡುತ್ತಿದ್ದರು. ಕೆಳಗೆ ಚಾಪೆಯ ಮೇಲೆ ಕುಳಿತಿದ್ದವರಲ್ಲಿ ಅವುಗಳನ್ನು ಅನ್ವಯ ಮಾಡಿ ಅರ್ಥ ಹೇಳಬಲ್ಲವರು ಎಷ್ಟು ಮಂದಿ? ಆದರೂ ಎಲ್ಲಿ ಕೋಪ, ಎಲ್ಲಿ ಕರುಣೆ ಎಂಬುದನ್ನು ಅವರು ತಪ್ಪದೆ ಹಿಡಿಯುತ್ತಿದ್ದರು. ಅರ್ಥಕ್ಕಿಂತ ಮುಂಚೆ ನಾದವು ಒಳಹೊಕ್ಕು ದಾರಿ ಮಾಡುತ್ತಿತ್ತು. ಅಂಥ ಪ್ರೇಕ್ಷಕರ ಎದುರು ಬೆಳೆದವರಿಗೆ ಸಂಸ್ಕೃತದಲ್ಲಿ ಚಿತ್ರ ತೆಗೆಯುವುದು ಇತರರಿಗೆ ಕಂಡಷ್ಟು ದುಸ್ಸಾಹಸವಾಗಿ ಕಂಡಿರಲಾರದು.

ಶಂಕರರಲ್ಲಿಗೇ ಅವರು ನಿಲ್ಲಲಿಲ್ಲ. ೧೯೮೬ರಲ್ಲಿ ಕನ್ನಡದಲ್ಲಿ ‘ಮಧ್ವಾಚಾರ್ಯ’, ೧೯೮೯ರಲ್ಲಿ ತಮಿಳಿನಲ್ಲಿ ‘ರಾಮಾನುಜಾಚಾರ್ಯ’. ‘ಮಧ್ವಾಚಾರ್ಯ’ದ ಸಂಗೀತ ನಿರ್ದೇಶನಕ್ಕಾಗಿ ಬಾಲಮುರಳೀಕೃಷ್ಣರಿಗೆ ಮತ್ತೊಮ್ಮೆ ರಾಷ್ಟ್ರೀಯ ಪ್ರಶಸ್ತಿ ಬಂದಿತು. ಅದ್ವೈತ, ದ್ವೈತ, ವಿಶಿಷ್ಟಾದ್ವೈತಗಳು ಪರಸ್ಪರ ವಾದಿಸಿ ಶತಮಾನಗಳು ಕಳೆದಿವೆ. ಒಬ್ಬನೇ ನಿರ್ದೇಶಕನು ಮೂವರು ಆಚಾರ್ಯರ ಮುಂದೆಯೂ ಕ್ರಮವಾಗಿ ಕುಳಿತು, ಒಬ್ಬರನ್ನು ಎತ್ತಲು ಇನ್ನೊಬ್ಬರನ್ನು ತುಳಿಯದೆ, ಪ್ರತಿಯೊಬ್ಬರಿಗೂ ಒಂದೊಂದು ಚಿತ್ರವನ್ನು ಅರ್ಪಿಸಿದ್ದು ವಿಶೇಷ. ನಮ್ಮ ಹರಿಹರದಲ್ಲಿ ತುಂಗಭದ್ರೆಯ ದಡದ ಮೇಲೆ ಹೊಯ್ಸಳರ ದಂಡನಾಯಕ ಪೋಲಾಳ್ವನು ೧೨೨೪ರ ಸುಮಾರಿಗೆ ಕಟ್ಟಿಸಿದ ದೇವಾಲಯವಿದೆ. ಅಲ್ಲಿಯ ಮೂರ್ತಿಯ ಬಲಭಾಗ ಹರ, ಎಡಭಾಗ ಹರಿ. ಆ ಮೂರ್ತಿಯನ್ನು ದಿನವೂ ಕಾಣುವ ನಮಗೆ ಅಯ್ಯರರ ಈ ಮೂರು ಚಿತ್ರಗಳ ಹಿಂದಿನ ಮನೋಭಾವವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮುಂದೆ ‘ಭಗವದ್ಗೀತೆ’ ಎಂಬ ಇನ್ನೊಂದು ಸಂಸ್ಕೃತ ಚಿತ್ರ ಬಂದು, ೧೯೯೨ರ ಶ್ರೇಷ್ಠ ಚಿತ್ರವೆಂಬ ರಾಷ್ಟ್ರೀಯ ಪ್ರಶಸ್ತಿಯನ್ನು ಗಳಿಸಿತು. ೧೯೯೮ರಲ್ಲಿ ಹಿಂದಿಯ ‘ಸ್ವಾಮಿ ವಿವೇಕಾನಂದ’ ತೆರೆಕಂಡಿತು; ಅದರಲ್ಲಿ ಶ್ರೀರಾಮಕೃಷ್ಣರ ಪಾತ್ರ ವಹಿಸಿದ ಮಿಥುನ್ ಚಕ್ರವರ್ತಿಯವರಿಗೂ ರಾಷ್ಟ್ರೀಯ ಪ್ರಶಸ್ತಿ ಸಂದಿತ್ತು. ಇಷ್ಟು ಮನ್ನಣೆ ಬಂದರೂ ಅಯ್ಯರರು ಪಾದರಕ್ಷೆಯಿಲ್ಲದೆಯೇ ನಡೆಯುತ್ತಿದ್ದರು. ಬರಿಗಾಲಿನ ನಿರ್ದೇಶಕರೆಂದೇ ಅವರಿಗೆ ಹೆಸರಾಗಿತ್ತು. ೨೦೦೩ರ ಡಿಸೆಂಬರ್ ೨೧ರಂದು, ಎಂಬತ್ತಾರನೆಯ ವಯಸ್ಸಿನಲ್ಲಿ, ಮುಂಬಯಿಯಲ್ಲಿ ತೀರಿಕೊಂಡರು.

ಹೊಗಳಿಕೆಯೊಂದನ್ನೇ ಹೇಳಿ ಮುಗಿಸಿದರೆ ಅಯ್ಯರರಿಗೆ ಮರ್ಯಾದೆ ಮಾಡಿದಂತಾಗದು. ಅವರ ಕೊನೆಯ ಕಾಲದ ಚಿತ್ರಗಳ ನಡೆ ನಿಧಾನ. ತತ್ತ್ವವು ಕಥೆಯ ಮೇಲೆ ಕುಳಿತು ಭಾರವಾದಂತೆ ತೋರುವ ಘಟ್ಟಗಳೂ ಅವುಗಳಲ್ಲಿವೆ. ‘ಕಿಲಾಡಿ ರಂಗ’ಕ್ಕೆ ಸಾಲುಗಟ್ಟಿದ ಜನ ‘ಆದಿ ಶಂಕರಾಚಾರ್ಯ’ಕ್ಕೆ ಸಾಲುಗಟ್ಟಲಿಲ್ಲವೆಂಬುದು ದಿಟ. ಇದರಿಂದ ಅವರ ಬಾಳನ್ನು ಎರಡಾಗಿ ಸೀಳಿ, ಮೊದಲರ್ಧ ವ್ಯಾಪಾರ, ಉತ್ತರಾರ್ಧ ಕಲೆ ಎಂದು ಹೆಸರಿಡುವವರಿದ್ದಾರೆ. ಹಾಗೆ ಸೀಳುವುದರಲ್ಲಿಯೇ ಅಪಾಯವಿದೆ. ಮೊದಲರ್ಧವನ್ನು ಕಳೆದರೆ ಎರಡನೆಯದಕ್ಕೆ ಬೇರೇ ಇರುವುದಿಲ್ಲ. ಚಿತ್ರಕಥೆಗೆ ಬಂದ ರಾಷ್ಟ್ರೀಯ ಪ್ರಶಸ್ತಿಯಲ್ಲಿ ‘ಬೇಡರ ಕಣ್ಣಪ್ಪ’ದ ಕೈಬರಹವೂ ಸೇರಿದೆ, ಭಾಷೆ ತಿಳಿಯದವರನ್ನೂ ಹಿಡಿದು ಕೂರಿಸುವ ಧೈರ್ಯದಲ್ಲಿ ಚಾಪೆಯ ಮೇಲಿನ ಪ್ರೇಕ್ಷಕರು ಕಲಿಸಿದ ಪಾಠವಿದೆ.

ಇಂದು ಅಂಥ ಶಾಲೆಗಳು ನಮ್ಮಲ್ಲಿ ವಿರಳವಾಗಿವೆ. ಕಂಪನಿಗಳು ಜಾತ್ರೆಯಿಂದ ಜಾತ್ರೆಗೆ ಇನ್ನೂ ಡೇರೆ ಹೂಡುತ್ತಿವೆಯಾದರೂ, ಎಂಟು ವರ್ಷದ ಹುಡುಗನನ್ನು ಸೇರಿಸಿಕೊಂಡು ಹಗ್ಗದಿಂದ ಹಿಡಿದು ಪದ್ಯದವರೆಗೆ ಕಲಿಸುವ ಕಾಲ ಕಳೆಯಿತು. ಕಳೆಯಬೇಕಾದದ್ದೂ ಹೌದು, ಮಕ್ಕಳು ಇರಬೇಕಾದ ಸ್ಥಳ ಪಾಠಶಾಲೆಯೇ. ಆದರೆ ಪಾಠಶಾಲೆಯಾದರೂ ಆ ಹಳೆಯ ಕಂಪನಿಯಿಂದ ಒಂದು ಸಂಗತಿಯನ್ನು ಎರವಲು ತರಬಹುದು. ವಾರ್ಷಿಕೋತ್ಸವದ ನಾಟಕದಲ್ಲಿ ಪಾತ್ರ ಮಾಡುವ ಹುಡುಗಿಗೆ ಪಾತ್ರದ ಮಾತನ್ನೂ ಬರೆಯಲು ಹೇಳೋಣ. ಹಾಡುವ ಹುಡುಗನ ಕೈಯಲ್ಲಿ ಪರದೆಯ ಹಗ್ಗವನ್ನೂ ಕೊಡೋಣ. ಸಾಧ್ಯವಾದರೆ ಅವರಿಗೆ ‘ಬೇಡರ ಕಣ್ಣಪ್ಪ’, ‘ಹಂಸಗೀತೆ’, ‘ಆದಿ ಶಂಕರಾಚಾರ್ಯ’ ಈ ಮೂರನ್ನು ಇದೇ ಕ್ರಮದಲ್ಲಿ ತೋರಿಸಿ, ಮೂರರ ಹಿಂದೆಯೂ ಇದ್ದವರು ಒಬ್ಬರೇ ಎಂದು ತಿಳಿಸೋಣ. ಅವರು ಕೇಳುವ ಪ್ರಶ್ನೆಗಳಿಗೆ ನಮ್ಮಲ್ಲಿ ಉತ್ತರವಿದೆಯೇ ಎಂಬುದನ್ನು ಆಗ ನೋಡಿಕೊಳ್ಳಬಹುದು.